ಹಾರಲು ಬಾರದ ಮೇಷ್ಟ್ರು

ಶನಿವಾರ ಬೆಳಗಿನ ಮೂರನೇ ಪೀರಿಯಡ್ಡಿನಲ್ಲಿ ಕಸ್ತೂರಿರಂಗ ಕಪ್ಪುಹಲಗೆಯ ಮೇಲೆ ಒಂದು ಗೋಪುರ ಬರೆದು, ಅದರ ತುದಿಯಿಂದ ನೆಲಕ್ಕೊಂದು ಓರೆಗೆರೆ ಎಳೆದ. ಗೋಪುರದ ಮೇಲೆ ನಿಂತವನಿಗೆ ಕೆಳಗಿನ ಗಾಡಿ ಎಷ್ಟು ಅವನತ ಕೋನದಲ್ಲಿ ಕಾಣುತ್ತದೆ ಎಂದು ಕೇಳಬೇಕಾದವನು ಸೀಮೆಸುಣ್ಣ ಹಿಡಿದುಕೊಂಡು ಹಾಗೇ ನಿಂತುಬಿಟ್ಟ. ಇಪ್ಪತ್ತೇಳು ವರ್ಷದಿಂದ ಇದೇ ಗೋಪುರ, ಇದೇ ಗೆರೆ. ಇವತ್ತು ಮಾತ್ರ ಆ ಗೆರೆ ಸುಳ್ಳು ಅನ್ನಿಸಿತು. ಮೇಲಿಂದ ಹೊರಟವನು ಹಾಗೆ ನೆಟ್ಟಗೆ ಇಳಿಯುವುದಿಲ್ಲ. ಮೊದಲು ಮೂಗು ತಗ್ಗಿಸಿ ಜೋರು ಹಿಡಿಯುತ್ತಾನೆ, ಆಮೇಲೆ ಮೂಗು ಎತ್ತುತ್ತಾನೆ, ಆ ಜೋರೇ ಅವನನ್ನು ಗಾಡಿಯನ್ನೂ ದಾಟಿಸಿ ಎಲ್ಲಿಗೋ ಒಯ್ಯುತ್ತದೆ. ಇದು ಪಠ್ಯಪುಸ್ತಕದಲ್ಲಿ ಇರಲಿಲ್ಲ. ಅವನ ಬಲಗೈಯ ಬೆರಳುಗಳಿಗೆ ಗೊತ್ತಿತ್ತು, ಗುರುವಾರ ಮಧ್ಯಾಹ್ನದಿಂದ ಆ ಬೆರಳುಗಳನ್ನು ನೋಡಿಕೊಳ್ಳಲೂ ಅವನಿಗೆ ನಾಚಿಕೆಯಾಗುತ್ತಿತ್ತು. ಮುಂದಿನ ಬೆಂಚಿನಿಂದ ಯಾರೋ "ಸಾ, ಗಾಡಿ ಎಷ್ಟ್ ದೂರದಲ್ಲದೆ ಅಂತ ಕೊಟ್ಟಿಲ್ಲ ಸಾ" ಅಂದರು. ಹೌದು, ಕೊಟ್ಟಿರಲಿಲ್ಲ. ಅವನು ಗೋಪುರವನ್ನು ಅಳಿಸಿ, ಪುಸ್ತಕದ ಲೆಕ್ಕ ಬರೆದುಕೊಳ್ಳಿ ಎಂದು ಕುರ್ಚಿಯಲ್ಲಿ ಕೂತ. ಗುರುವಾರದಿಂದ ಅವನಿಗೆ ಅನ್ನ ಸೇರುತ್ತಿರಲಿಲ್ಲ ಎಂದರೆ ಸುಳ್ಳಾಗುತ್ತದೆ. ಅನ್ನ ಸೇರುತ್ತಿತ್ತು, ನಿದ್ದೆಯೂ ಬರುತ್ತಿತ್ತು. ಅದೇ ಅವನಿಗೆ ಹೇಸಿಗೆ.

ಎಲ್ಲ ಶುರುವಾದದ್ದು ದಸರಾ ರಜೆಯಲ್ಲಿ. ಮಗಳು ತನ್ಮಯಿ ಎರಡನೇ ಪಿಯುಸಿ. ಅವಳ ಓದಿಗೆಂದು ಮಂಡ್ಯದಿಂದ ತಂದ ಕಂಪ್ಯೂಟರಿನಲ್ಲಿ ಅವಳೂ ಅವಳ ಗೆಳತಿ ದೀಪಿಕಳೂ ಒಂದು ಆಟ ಆಡುತ್ತಿದ್ದರು. ಆಟವೆಂದರೆ ಗೆಲ್ಲುವುದು ಸೋಲುವುದು ಏನೂ ಇಲ್ಲದ ಆಟ. ಒಂದು ಕಾಡಿನಲ್ಲಿ ಬರಿಗೈಲಿ ಬಿಟ್ಟುಬಿಡುತ್ತಾರೆ. ಮರ ಕಡಿಯಬೇಕು, ಕಲ್ಲು ಒಡೆಯಬೇಕು, ಜಿಂಕೆ ಕುರಿ ಹೊಡೆದು ಚರ್ಮ ಹದ ಮಾಡಬೇಕು, ಗುಡಿಸಲು ಕಟ್ಟಬೇಕು, ಹೊಟ್ಟೆಗೆ ಹುಡುಕಿಕೊಳ್ಳಬೇಕು, ಹೇಗಾದರೂ ಬದುಕಿಕೊಳ್ಳಬೇಕು. ಕೊನೆಗೆ ರೆಕ್ಕೆ ಮಾಡಿಕೊಳ್ಳಬಹುದು. ಬಿದಿರು ಚರ್ಮದ ರೆಕ್ಕೆಯಾದರೆ ಗೋಪುರದಿಂದ ತೇಲುತ್ತ ಇಳಿಯಬಹುದು, ಅಷ್ಟೆ. ಹದ್ದಿನ ಗರಿಯ ರೆಕ್ಕೆಯಾದರೆ ಮೇಲಕ್ಕೂ ಏರಬಹುದು, ಬೇಕಾದಷ್ಟು ದೂರ ಹಾರಬಹುದು. ಆ ಗರಿಗಳು ಬೆಟ್ಟದ ತುದಿಯ ಗೂಡುಗಳಲ್ಲಿ ಒಂದೊಂದೇ ಸಿಗುತ್ತವೆ. ಹುಡುಗಿಯರಿಬ್ಬರೂ ನಾಲ್ಕು ತಿಂಗಳು ಹುಡುಕಿ ಒಂದು ರೆಕ್ಕೆ ಮಾಡಿಕೊಂಡಿದ್ದರು. ಆಟದೊಳಗೆ ಓಡಾಡುವ ತನ್ಮಯಿಯ ಗೊಂಬೆಗೆ ಅದನ್ನು ತೊಡಿಸಿ ಸರದಿಯ ಮೇಲೆ ಹಾರುತ್ತಿದ್ದರು. ಜಿಂಕೆ ಕುರಿ ಹೊಡೆಯುವ ಕೆಲಸವೆಲ್ಲ ದೀಪಿಕಳದು. "ನಂಗೆ ಆಗಲ್ಲ, ನೀನೇ ಹೊಡಿ" ಎಂದು ತನ್ಮಯಿ ಕಣ್ಣು ಮುಚ್ಚಿಕೊಳ್ಳುತ್ತಿದ್ದಳು. "ಪಾಪ ಎಲ್ಲಾ ನಂಗೆ, ಹಾರಾಟ ನಿಂಗೆ" ಎಂದು ದೀಪಿಕ ಹೊಡೆಯುತ್ತಿದ್ದಳು. ಇಬ್ಬರೂ ನಗುತ್ತಿದ್ದರು. ಆ ನಗು ಹಜಾರದಲ್ಲಿ ಪೇಪರ್ ಓದುತ್ತ ಕೂತ ಕಸ್ತೂರಿರಂಗನಿಗೆ ಕೇಳುತ್ತಿತ್ತು. ತನ್ನ ಮುಂದೆ ಮಗಳು ಹಾಗೆ ನಕ್ಕು ಎಷ್ಟು ವರ್ಷವಾಯಿತೆಂದು ಲೆಕ್ಕ ಹಾಕಲು ಹೋಗಿ ಅವನು ಪೇಪರಿನ ಹಾಳೆ ತಿರುವುತ್ತಿದ್ದ.

ದೀಪಿಕ ಬಂಡೂರಿನವಳು. ಕಾಲೇಜು ಬಿಟ್ಟಮೇಲೆ ಐದೂಮುಕ್ಕಾಲಿನ ಬಸ್ಸಿನವರೆಗೆ ಅವರ ಮನೆಯಲ್ಲೇ ಇರುವುದು ರೂಢಿ. ಮೊದಲು ಒಂದು ಗಂಟೆ ಓದು, ಆಮೇಲೆ ಆಟ. ಹೈಸ್ಕೂಲಿನಲ್ಲಿ ಅವಳು ಕಸ್ತೂರಿರಂಗನ ಕೈಕೆಳಗೇ ಓದಿದವಳು. ಒಂಬತ್ತನೇ ಕ್ಲಾಸಿನಲ್ಲಿ ಒಂದು ದಿನ ಹಲಗೆಯ ಮುಂದೆ ಲೆಕ್ಕ ಬಾರದೆ ನಿಂತವಳಿಗೆ ಅವನು, "ಬಂಡೂರಿನವಳಲ್ಲವೇನಮ್ಮ, ಹೋಗು, ಕುರಿ ಕಾಯಿ, ನಿಮ್ಮೂರ ಕುರಿಗಾದರೂ ಹೆಸರಿದೆ" ಅಂದಿದ್ದ. ಮೇಷ್ಟ್ರು ಎಲ್ಲರಿಗೂ ಅನ್ನುವ ಮಾತು, ಅವನೂ ಬೇರೆ ಮಕ್ಕಳಿಗೆ ನೂರು ಸಲ ಅಂದಿದ್ದಾನೆ. ಕ್ಲಾಸು ನಕ್ಕಿತು. ಹತ್ತನೇ ಕ್ಲಾಸು ಮುಗಿಯುವವರೆಗೂ ಹುಡುಗರು ಅವಳನ್ನು ಕುರಿ ಎಂದೇ ಕರೆದರಂತೆ. ಅದು ಅವನಿಗೆ ಗೊತ್ತಾದದ್ದು ಇತ್ತೀಚೆಗೆ, ಅದೂ ತನ್ಮಯಿಯ ಬಾಯಿಂದ. ದೀಪಿಕ ಹೇಳಿದವಳಲ್ಲ. ಅವಳಿಗೆ ಕಾಫಿ ಕೊಡುವ ಲೋಟ ನಲ್ಲಿಯ ಪಕ್ಕದ ಕಿಟಕಿಯಲ್ಲಿರುತ್ತಿತ್ತು, ಉಳಿದ ಲೋಟಗಳು ಒಳಗೆ. ಅದು ಬೇರೆಯ ಲೋಟ ಎಂದು ಆ ಮನೆಯಲ್ಲಿ ಯಾರೂ ಯಾವತ್ತೂ ಬಾಯಿಬಿಟ್ಟು ಅಂದಿರಲಿಲ್ಲ. ತನ್ಮಯಿ ಯೋಚನೆಯೇ ಇಲ್ಲದೆ ಅದನ್ನೇ ತೆಗೆಯುತ್ತಿದ್ದಳು, ದೀಪಿಕ ಕುಡಿದು ತಾನೇ ತೊಳೆದು ಕಿಟಕಿಯಲ್ಲಿಡುತ್ತಿದ್ದಳು.

ರಜೆಯ ಒಂದು ಸಂಜೆ ಅವನು ಧೈರ್ಯ ಮಾಡಿ, ಅದೇನದು ನಾನೂ ನೋಡುತ್ತೇನೆ ಎಂದು ಅವರ ನಡುವೆ ಕುರ್ಚಿ ಹಾಕಿಕೊಂಡಿದ್ದ. ಪೋಷಕರ ಸಭೆಯಲ್ಲಿ ಈ ಆಟಗಳು ಮಕ್ಕಳ ಮಿದುಳಿಗೆ ಗೆದ್ದಲು ಎಂದು ಭಾಷಣ ಮಾಡಿದವನು. ತನ್ಮಯಿ ಹುಬ್ಬೇರಿಸಿದಳು. ಹೇಳಿಕೊಟ್ಟವಳು ದೀಪಿಕ. "ನೆಗದ್ ತಕ್ಷಣ ಒತ್ತಬ್ಯಾಡಿ ಸಾ, ಒಂದ್ ಚೂರು ಬೀಳಕ್ ಬುಡಿ, ಆಮೇಲೆ ಒತ್ತಿ. ನೆಲ ನೋಡಬ್ಯಾಡಿ ಸಾ, ದೂರ ನೋಡಿ." ಅವನು ಬಿದ್ದ. "ಆಯ್ತದೆ ಸಾ, ನಾನೂ ಮೊದ್ಲು ಇಂಗೇ ಬೀಳ್ತಿದ್ದೆ." ಮತ್ತೆ ಬಿದ್ದ. ಹಲಗೆಯ ಮುಂದೆ ಅವಳನ್ನು ಅರ್ಧ ನಿಮಿಷವೂ ಕಾಯದವನನ್ನು ಅವಳು ಹದಿಮೂರು ಸಲ ಕಾದಳು, ಒಂದು ಸಲವೂ ನಗಲಿಲ್ಲ. ನಕ್ಕಿದ್ದರೆ ಚೆನ್ನಾಗಿತ್ತು. ಕೊನೆಗೆ ತನ್ಮಯಿ, "ಬಿಡು ದೀಪು, ಅಪ್ಪಂಗೆ ಇದೆಲ್ಲ ಬರಲ್ಲ" ಎಂದು ಅವನ ಕೈಕೆಳಗಿನಿಂದ ಮೌಸನ್ನು ಮೆಲ್ಲಗೆ ಎಳೆದುಕೊಂಡಳು. ಸಿಟ್ಟಿನಿಂದ ಎಳೆದಿದ್ದರೆ ಗದರಬಹುದಿತ್ತು. ವಯಸ್ಸಾದವರ ಕೈಯಿಂದ ಭಾರದ ಚೀಲ ತೆಗೆದುಕೊಳ್ಳುವ ಹಾಗೆ ತೆಗೆದುಕೊಂಡಳು. ಕಸ್ತೂರಿರಂಗ ಎದ್ದು ಹೋಗಿ, ಹೊತ್ತಲ್ಲದ ಹೊತ್ತಿನಲ್ಲಿ ಕೈಕಾಲು ತೊಳೆದುಕೊಂಡು ಬಂದ.

ರಜೆ ಮುಗಿದ ವಾರದಿಂದ ಅವನು ಮಧ್ಯಾಹ್ನದ ಬಿಡುವಿನಲ್ಲಿ ಮನೆಗೆ ಬರತೊಡಗಿದ. ಶಾಲೆಯಿಂದ ಮನೆಗೆ ಏಳು ನಿಮಿಷ. ಹೆಂಡತಿ ಚೂಡಾಮಣಿಗೆ ಮದ್ದೂರಿನಲ್ಲಿ ಕೆಲಸ, ಬೆಳಿಗ್ಗೆ ಬಸ್ಸು ಹತ್ತಿದರೆ ಏಳಕ್ಕೆ ಬರುವವಳು. ಮಗಳು ಕಾಲೇಜಿನಲ್ಲಿ. ಐವತ್ತೆರಡು ವರ್ಷದ ಗಂಡಸು ತನ್ನ ಮನೆಗೆ ತಾನೇ ಕಳ್ಳನ ಹಾಗೆ ಬೀಗ ತೆಗೆದು ಬರುವುದು, ಕಿಟಕಿಯ ಪರದೆ ಎಳೆಯುವುದು, ಮೊಸರನ್ನವನ್ನು ಮುಂದೆ ಇಟ್ಟುಕೊಂಡು ಮಗಳ ಗೊಂಬೆಯನ್ನು ಗೋಪುರದಿಂದ ಬೀಳಿಸುವುದು. ಮೊದಲು ಆಟದ ಗುಡಿಸಲಿನ ಪೆಟ್ಟಿಗೆಯಲ್ಲಿದ್ದ ಹಳೆಯ ಚರ್ಮದ ರೆಕ್ಕೆ ತೊಡಿಸಿ ಕಲಿತ. ಬಿದ್ದರೆ ಗೊಂಬೆ ಗುಡಿಸಲಿನ ಮಂಚದ ಮೇಲೆ ಎದ್ದು ಕೂರುತ್ತದೆ, ಸಾಮಾನು ಬಿದ್ದಲ್ಲೇ ಬಿದ್ದಿರುತ್ತದೆ, ಹೋಗಿ ಎತ್ತಿಕೊಂಡರಾಯಿತು. ಆಟ ಮುಗಿಸುವ ಮುಂಚೆ ಎಲ್ಲವನ್ನೂ ಇದ್ದ ಜಾಗದಲ್ಲೇ ಇಡುತ್ತಿದ್ದ. ಎರಡನೇ ವಾರಕ್ಕೆ ಬೀಳುವುದು ನಿಂತಿತು. ಮೂರನೇ ವಾರ ಹದ್ದಿನ ರೆಕ್ಕೆ ತೊಟ್ಟ. ಒಂದು ದಿನ ಮಗಳ ಹಿಂದೆ ಸುಮ್ಮನೆ ಬಂದು ನಿಂತು, ಕೊಡಿಲ್ಲಿ ಎಂದು ಮೌಸು ಇಸಕೊಂಡು, ಬೆಟ್ಟದಿಂದ ಬೆಟ್ಟಕ್ಕೆ ಹಾರಿ ತೋರಿಸಬೇಕು. ಅವಳು ಏನನ್ನಬಹುದು? ಅವಳು ಅನ್ನಬಹುದಾದದ್ದನ್ನು ಕ್ಲಾಸಿನಲ್ಲಿ, ಸ್ನಾನದಲ್ಲಿ, ಸಂಧ್ಯಾವಂದನೆಗೆ ಕೂತಾಗ ಕೂಡ ಅವನು ಕೇಳಿಸಿಕೊಳ್ಳುತ್ತಿದ್ದ. ಹೆಂಡತಿ, "ಏನೋ ಒಬ್ಬೊಬ್ಬರೇ ನಗ್ತಿದೀರಲ್ಲ" ಎಂದು ಒಂದು ಸಲ ಕೇಳಿದ್ದಳು.

ಗುರುವಾರ ಅವನು ಹನ್ನೊಂದು ನಿಮಿಷ ನೆಲ ಮುಟ್ಟದೆ ಹಾರಿದ. ಅದನ್ನು ಏನೆಂದು ಹೇಳುವುದು. ಕೆಳಗೆ ಹೊಳೆ, ಹೊಳೆಯಾಚೆ ಹುಲ್ಲುಗಾವಲು, ಅದರಾಚೆ ಕುದಿಯುವ ಬೆಂಕಿಯ ಕೆರೆ. ಬಿಸಿಗಾಳಿ ಮೇಲಕ್ಕೇ ಏಳುತ್ತದೆ, ಕೆರೆಯ ಮೇಲೆ ಹೋದರೆ ತಾನಾಗಿ ಮೇಲೇರುತ್ತೇನೆ ಎಂದು ಮೇಷ್ಟ್ರ ಬುದ್ಧಿ ಹೇಳಿತು. ಆಗ ಕಂಡದ್ದು ತೆರೆಯ ಮೂಲೆಯಲ್ಲಿ ರೆಕ್ಕೆಯ ಗುರುತಿನ ಕೆಳಗಿನ ಸಣ್ಣ ಗೆರೆ, ಕೆಂಪಾಗಿತ್ತು. ರೆಕ್ಕೆ ಸವೆದಿದೆ, ಒಂದು ಚರ್ಮದ ತೇಪೆ ಹಾಕದಿದ್ದರೆ ಹರಿಯುತ್ತದೆ ಎಂದು ಅದರರ್ಥ. ದೀಪಿಕ ತೇಪೆ ಹಾಕುವುದನ್ನು ಅವನು ನೋಡಿದ್ದ. ಹುಲ್ಲುಗಾವಲಿನಲ್ಲಿ ಇಳಿದ. ಅಲ್ಲಿ ಜಿಂಕೆ ಇರಲಿಲ್ಲ, ಕುರಿ ಇರಲಿಲ್ಲ. ಹಸುಗಳಿದ್ದವು. ಗೊಂಬೆಯ ಕೈಗೆ ಕೊಡಲಿ ಕೊಟ್ಟು ಒಂದು ಹಸುವಿನ ಮುಂದೆ ನಿಲ್ಲಿಸಿದ. ಅದು ಮೇಯುವುದು ಬಿಟ್ಟು ತಲೆಯೆತ್ತಿ ನೋಡಿತು. ಗಾಜಿನ ಮೇಲಿನ ಬಣ್ಣ, ಚೌಕಚೌಕದ ಮುಖ, ಅದು ಹಸುವಲ್ಲವೆಂದು ಅವನಿಗೆ ಗೊತ್ತಿತ್ತು. ಆದರೂ ಬೆರಳು ಒತ್ತಲಿಲ್ಲ. ಅವನ ಅಜ್ಜ ಗೋಗ್ರಾಸ ಇಡದೆ ಊಟಕ್ಕೆ ಕೂತವನಲ್ಲ. ಕೊಡಲಿಯನ್ನು ಒಳಗಿಟ್ಟ. ಒಳಗಿಟ್ಟಾಗ ತನ್ನ ಬಗ್ಗೆ ತನಗೇ ಒಂದು ಗೌರವ ಹುಟ್ಟಿತಲ್ಲ, ಅದನ್ನು ನೆನೆದರೆ ಈಗ ಕುರ್ಚಿಯಲ್ಲಿ ಕೂತವನ ಕಿವಿ ಬಿಸಿಯಾಗುತ್ತದೆ. ಇನ್ನೊಂದು ಸ್ವಲ್ಪಕ್ಕೆ ಸಾಕಾದೀತು ಎಂದುಕೊಂಡು ಹಾರಿದ. ಕೆರೆಯ ನಟ್ಟನಡುವೆ ರೆಕ್ಕೆ ಹರಿಯಿತು. ಬೆಂಕಿಗೆ ಬಿದ್ದದ್ದು ಬೂದಿ, ಹೋಗಿ ಎತ್ತಿಕೊಳ್ಳುವುದಕ್ಕೆ ಏನೂ ಉಳಿಯುವುದಿಲ್ಲ. ಗೊಂಬೆ ಮಂಚದ ಮೇಲೆ ಬರಿಮೈಯಲ್ಲಿ ಎದ್ದು ಕೂತಿತು. ಅವನು ಕಂಪ್ಯೂಟರ್ ಆರಿಸಿ, ಮೊಸರನ್ನ ಉಂಡು, ತಟ್ಟೆ ತೊಳೆದಿಟ್ಟು, ಐದನೇ ಪೀರಿಯಡ್ಡಿಗೆ ಹೋಗಿ ವೃತ್ತದ ಪ್ರಮೇಯ ಹೇಳಿಕೊಟ್ಟ. ಚೆನ್ನಾಗಿಯೇ ಹೇಳಿಕೊಟ್ಟ.

ಅವತ್ತು ಸಂಜೆ ಅವನು ಮನೆಗೆ ಬಂದಾಗ ಇಬ್ಬರೂ ನಿಂತುಕೊಂಡಿದ್ದರು. ತನ್ಮಯಿಯ ಮುಖ ಕೆಂಪಾಗಿತ್ತು. "ನಿನ್ನೆ ನಾನು ಸ್ನಾನಕ್ಕೆ ಹೋದಾಗ ಒಬ್ಬಳೇ ಕೂತಿದ್ದೆಯಲ್ಲ, ಆಮೇಲೆ ಯಾರೂ ಮುಟ್ಟಿಲ್ಲ." "ನಾನು ಗೂಡ್ ತಾವ ಓಗಿ ಬಂದು ಮಡಗ್ದೆ ಕಣೆ, ರೆಕ್ಕೆ ಇತ್ತು." "ಎಲ್ಲಿತ್ತು ಮತ್ತೆ?" ತನ್ಮಯಿ ಅವನ ಕಡೆ ತಿರುಗಿದಳು. "ಅಪ್ಪಾ, ನೀನೇನಾದ್ರೂ ಮುಟ್ಟಿದ್ಯಾ?" ಆಗಲೇ ಹೇಳಿಬಿಡಬಹುದಿತ್ತು. ಹೌದಮ್ಮ, ಹಾರೋದು ಕಲೀತಿದ್ದೆ ಅಂದಿದ್ದರೆ ಏನಾಗುತ್ತಿತ್ತು, ಎರಡು ದಿನ ಮುನಿಸು. ಆದರೆ ಮುಚ್ಚಿದ ಪರದೆ, ಮೂರು ವಾರ, ಮಗಳ ಗೊಂಬೆಯೊಳಗೆ ಕೂತು ತಾನು ಪಟ್ಟ ಸಂತೋಷ ಎಲ್ಲ ಒಟ್ಟಿಗೆ ಅಡ್ಡ ಬಂದವು. "ನನಗೆ ಅದನ್ನ ಆನ್ ಮಾಡೋಕೂ ಬರಲ್ಲ" ಅಂದ. ಅಷ್ಟಕ್ಕೇ ನಿಲ್ಲಿಸಿದ್ದರೂ ಆಗುತ್ತಿತ್ತು. ಚಪ್ಪಲಿ ಬಿಡುತ್ತ, ಯಾರ ಮುಖವನ್ನೂ ನೋಡದೆ, "ಕೊನೇಲಿ ಯಾರು ಕೂತಿದ್ರೋ ಅವರನ್ನ ಕೇಳು. ಹೊರಗಿನವರ ಕೈಗೆಲ್ಲ ಕೊಟ್ಟರೆ ಹೀಗೇ ಆಗೋದು" ಅಂದ. ದೀಪಿಕ ಅವನನ್ನು ನೋಡಿದಳು. ಆಮೇಲೆ ಚೀಲ ಎತ್ತಿಕೊಂಡು ಹೊರಟಳು. ಬಸ್ಸಿಗೆ ಇನ್ನೂ ಮುಕ್ಕಾಲು ಗಂಟೆ ಇತ್ತು. ಶುಕ್ರವಾರ ಅವಳು ಬರಲಿಲ್ಲ. ತನ್ಮಯಿ ಊಟ ಮಾಡಲಿಲ್ಲ, ಕೇಳಿದರೆ ತಲೆನೋವು ಅಂದಳು. ಅವಳಿಗೆ ಆ ಊರಿನಲ್ಲಿ ಬೇರೆ ಗೆಳತಿಯರಿರಲಿಲ್ಲ.

ಶನಿವಾರ ಶಾಲೆ ಹನ್ನೊಂದೂವರೆಗೆ ಬಿಟ್ಟಿತು. ಕಸ್ತೂರಿರಂಗ ಮನೆಯ ದಾರಿ ಹಿಡಿಯದೆ ಮಳವಳ್ಳಿಯ ಬಸ್ ಸ್ಟ್ಯಾಂಡಿಗೆ ಬಂದು, ಬಂಡೂರಿನ ಬಸ್ಸು ನಿಲ್ಲುವಲ್ಲಿ ನಿಂತ. ದೀಪಿಕಳಿಗೆ ಹೇಳಬೇಕು, ಇಬ್ಬರೂ ಒಟ್ಟಿಗೆ ಹೋಗಿ ತನ್ಮಯಿಗೆ ಹೇಳಬೇಕು. ಇಲ್ಲದಿದ್ದರೆ ಈ ಸ್ನೇಹ ಇವತ್ತಿಗೆ ಕಡಿಯುತ್ತದೆ, ಕಡಿದವನು ನಾನಾಗುತ್ತೇನೆ. ಇಷ್ಟನ್ನು ಅವನು ಎಳನೀರು ಮಾರುವವನ ಗಾಡಿಯ ನೆರಳಿನಲ್ಲಿ ನಿಂತು ನಾಲ್ಕಾರು ಸಲ ಬಾಯಿಪಾಠ ಮಾಡಿದ. ಪರಿಚಯದವರು ಯಾರೋ "ಏನ್ ಸಾ, ಊರ್ಗಾ" ಅಂದರು. ಹೌದು ಅಂದ. ಅದೂ ಸುಳ್ಳು.

ದೀಪಿಕ ಪಕ್ಕಕ್ಕೆ ಬಂದು ನಿಂತದ್ದು ಅವನಿಗೆ ಗೊತ್ತಾಗಲಿಲ್ಲ. "ನಮ್ಸ್ಕಾರ ಸಾ."

"ದೀಪಿಕ, ನಿನ್ನ ಹತ್ತಿರ ಒಂದು ಮಾತು." ಬಾಯಿಪಾಠವೆಲ್ಲ ಮರೆತುಹೋಗಿತ್ತು. "ಅವತ್ತು ಆ ರೆಕ್ಕೆ."

"ಗೊತ್ತು ಸಾ."

"ಏನು ಗೊತ್ತು?"

"ಮನೇಲಿರೋದು ಮೂರ್ ಜನ. ತನು ನಂಜೊತೆ ಕಾಲೇಜಲ್ಲಿದ್ಲು. ಅಮ್ಮಾರು ಮದ್ದೂರ್ಗೆ ಓಯ್ತಾರೆ." ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಲೆಕ್ಕ ಬಿಡಿಸುವವಳ ಹಾಗೆ ಹೇಳುತ್ತಿದ್ದಳು. "ಮೂರ್ ವಾರದಿಂದ ಗೊತ್ತು ಸಾ. ನಾವು ಮಡಗಿದ್ ತಾವ್ಲೇ ಎಲ್ಲಾ ಇರ್ತಿತ್ತು, ಆದ್ರೆ ಮೊದ್ಲು ಹಳೇ ರೆಕ್ಕೆ ತೇಪೆ, ಆಮೇಲೆ ಇದ್ರ ತೇಪೆ ಬೇಗ ಬೇಗ ಸವೀತಿತ್ತು. ಯಾರೋ ಕಲೀತಾವ್ರೆ ಅನ್ಕಂಡೆ. ಎಲ್ಲೋಯ್ತು ಸಾ?"

"ಬೆಂಕಿ ಕೆರೆ."

"ಗೆರೆ ಕೆಂಪಗಾಗಿರ್ನಿಲ್ವಾ?"

"ಆಗಿತ್ತು. ಇಳಿದೆ. ಅಲ್ಲಿ ಹಸುಗಳಷ್ಟೇ ಇದ್ದದ್ದು." ಹಸು ಅನ್ನುವಾಗ ತನ್ನ ದನಿಯಲ್ಲಿ ಒಂದು ಆಸರೆ ಸಿಕ್ಕ ಹಾಗಾದದ್ದು ಅವನಿಗೇ ಕೇಳಿಸಿತು. "ಹೇಗೆ ಹೊಡೆಯೋದು ಹೇಳು. ಕೈ ಬರಲಿಲ್ಲ."

"ಹಸ ನಾನೂ ಒಡ್ಯಕಿಲ್ಲ ಸಾ" ಅಂದಳು ದೀಪಿಕ. "ನಡ್ಕಂಡ್ ಬಂದಿದ್ರೆ ಆಯ್ತಿತ್ತು."

ನಡೆದು ಬರಬಹುದಿತ್ತು. ಗುರುವಾರದಿಂದ ಕೊಡಲಿ, ಹಸು, ಅಜ್ಜ, ಧರ್ಮಸಂಕಟ ಎಂದು ಏನೇನೋ ಕಟ್ಟಿಕೊಂಡಿದ್ದವನಿಗೆ ಇದು ಒಂದು ಸಲವೂ ಹೊಳೆದಿರಲಿಲ್ಲ. ರೆಕ್ಕೆ ಕಳಚಿ ಚೀಲಕ್ಕೆ ಹಾಕಿಕೊಂಡು, ಹೊಳೆ ದಾಟಿ, ಹತ್ತು ನಿಮಿಷ ನಡೆದಿದ್ದರೆ ಗುಡಿಸಲು.

"ಈಗ ಮನೆಗೆ ಹೋಗೋಣ ಬಾಮ್ಮ. ತನ್ಮಯಿಗೆ ನಾನೇ ಹೇಳ್ತೀನಿ."

"ಬ್ಯಾಡಿ ಸಾ. ಬೆಳಿಗ್ಗೇನೇ ಯೋಳ್ಬುಟ್ಟೆ ಅವ್ಳಿಗೆ, ನಾನೇ ಕಳ್ದಿದ್ದು ಅಂತ." ಅವಳು ಚೀಲವನ್ನು ಇನ್ನೊಂದು ಹೆಗಲಿಗೆ ಬದಲಾಯಿಸಿದಳು. "ನಾನಲ್ಲ ಅಂತ ಇದ್ರೆ ಇವತ್ತಲ್ಲ ನಾಳೆ ನೀವು ಅಂತ ಗೊತ್ತಾಗ್ಬುಡ್ತದೆ. ನಂಜೊತೆ ಮಾತ್ ಬುಟ್ರೆ ನಮ್ಮೂರಲ್ಲಿ ನಂಗೆ ಜನ ಅವ್ರೆ ಸಾ. ನಿಮ್ಮತ್ರ ಅವ್ಳು ಮಾತಾಡದು ಮೊದ್ಲೇ ಕಮ್ಮಿ."

ಅಷ್ಟರಲ್ಲಿ ಒಬ್ಬ ಮುದುಕ ಹೆಗಲ ಟವೆಲ್ಲನ್ನು ಕೈಗೆ ತೆಗೆದುಕೊಳ್ಳುತ್ತ ಬಂದ. ದೀಪಿಕಳ ತಾತ ಬೋರಯ್ಯ. "ಮೇಷ್ಟ್ರಾ? ಅಡ್ಬಿದ್ದೆ ಬುದ್ದಿ. ನಮ್ಮ ಮಗಿ ದಿನಾ ನಿಮ್ಮನೇಲಿ ಓದ್ಕಳದು, ನಿಮ್ಮ ಉಪ್ಕಾರ ದೊಡ್ಡದು. ಸೋಮಾರದಿಂದ ಬರಕಿಲ್ಲ ಅಂತಾಳೆ, ಯಾಕವ್ವಾ ಅಂದ್ರೆ ಬಾಯಿ ಬುಡಕಿಲ್ಲ. ಏನಾರ ತೆಪ್ಪು ಮಾಡಿದ್ರೆ ಒಟ್ಟೆಗಾಕ್ಕಳಿ, ಚಿಕ್ಕ ಮಗಿ."

ಕಸ್ತೂರಿರಂಗ ಅವಳನ್ನು ನೋಡಿದ. ಅವಳು ಬಸ್ಸಿನ ಬೋರ್ಡು ನೋಡುತ್ತಿದ್ದಳು. ಈಗ ಹೇಳಿದರೂ ಆಗುತ್ತಿತ್ತು, ಈ ಮುದುಕನ ಮುಂದೆ, ನಾಲ್ಕು ಜನರ ಮುಂದೆ. "ಇಲ್ಲ ಇಲ್ಲ, ಒಳ್ಳೇ ಹುಡುಗಿ" ಅಂದ. "ಆಯ್ತು, ಕ್ಷಮಿಸಿದೀನಿ." ಆ ಕೊನೆಯ ಮಾತು ಎಲ್ಲಿಂದ ಬಂತೋ ಅವನಿಗೆ ತಿಳಿಯಲಿಲ್ಲ. ಮೇಷ್ಟ್ರ ಬಾಯಿಗೆ ಅಭ್ಯಾಸವಾದ ಮಾತು, ತಾನಾಗಿ ಬಂತು. ಬೋರಯ್ಯ ಕೈಮುಗಿದ. ದೀಪಿಕ ಮುಗಿಯಲಿಲ್ಲ. ಇಬ್ಬರನ್ನೂ ಹತ್ತಿಸಿಕೊಂಡು ಬಸ್ಸು ಹೊರಟಿತು.

ಮನೆಯ ದಾರಿಯಲ್ಲಿ ಅವನಿಗೆ ಬಿಸಿಲು ತಾಗಲಿಲ್ಲ. ಮನಸ್ಸಿನಲ್ಲಿ ಏನೋ ಸಡಿಲಾಗಿತ್ತು, ಅದು ಏನೆಂದು ಅಂಚೆ ಕಚೇರಿಯವರೆಗೂ ಅವನು ತನಗೆ ತಾನೇ ಹೇಳಿಕೊಳ್ಳಲಿಲ್ಲ. ಸಮಾಧಾನ. ಇನ್ನು ಯಾರಿಗೂ ಗೊತ್ತಾಗುವುದಿಲ್ಲ. ಥೂ, ನೀನೂ ಒಬ್ಬ ಮನುಷ್ಯನೇನೋ ಎಂದು ಬೈದುಕೊಂಡ. ಬೈದುಕೊಂಡದ್ದರಿಂದ ಇನ್ನಷ್ಟು ಹಗುರವಾಯಿತು. ಸೋಮವಾರ ಹೇಳಿದರಾಯಿತು, ಮಗಳ ಸಿಟ್ಟು ಇಳಿಯಲಿ, ಪರೀಕ್ಷೆ ಮುಗಿಯಲಿ. ಹೇಳುವುದಿಲ್ಲವೆಂದು ಅವನಿಗೆ ಚೆನ್ನಾಗಿ ಗೊತ್ತಿತ್ತು. ನಡೆದುಬಂದದ್ದು ಮಾತ್ರ ನಿಧಾನವಾಗಿ, ಯಾರಿಗೋ ತೋರಿಸುವ ಹಾಗೆ ತಲೆ ತಗ್ಗಿಸಿಕೊಂಡು.

ತನ್ಮಯಿ ಕಂಪ್ಯೂಟರಿನ ಮುಂದೆ ಒಬ್ಬಳೇ ಕೂತಿದ್ದಳು. ಅತ್ತು ಮುಖ ತೊಳೆದುಕೊಂಡ ಹಾಗಿತ್ತು. ಅವನು ಶರಟು ಬಿಚ್ಚಿ ಮೊಳೆಗೆ ಹಾಕುತ್ತಿದ್ದಾಗ, ತಿರುಗದೆಯೇ ಹೇಳಿದಳು. "ಅವಳೇ ಅಂತೆ ಅಪ್ಪ. ಒಪ್ಪಿಕೊಂಡಳು. ಮುಂಚೇನೇ ಹೇಳಿದ್ರೆ ಏನಾಗ್ತಿತ್ತು? ರೆಕ್ಕೆ ಹೋದ್ರೆ ಹೋಗಲಿ, ಮುಖ ನೋಡ್ಕೊಂಡು ಸುಳ್ಳು ಹೇಳಿದಳಲ್ಲ, ಅದನ್ನ ನಾನು ಯಾವತ್ತೂ ಮರೆಯಲ್ಲ."

"ಬಿಡಮ್ಮ" ಅಂದ ಕಸ್ತೂರಿರಂಗ. ಮೊಳೆಯಿಂದ ಕೈ ತೆಗೆಯಲಿಲ್ಲ.

ಅವಳು ಅವನ ಕಡೆ ತಿರುಗಿದಳು. "ಒಬ್ಬಳೇ ಆಡೋಕೆ ಬೇಜಾರು. ಬರ್ತೀಯಾ? ಹಳೇ ರೆಕ್ಕೆ ಇದೆ. ಮೊದಲಿಂದ ಹೇಳ್ಕೊಡ್ತೀನಿ, ಈ ಸಲ ಮೌಸ್ ಕಿತ್ಕೊಳ್ಳಲ್ಲ." ಎಷ್ಟೋ ವರ್ಷಗಳ ಮೇಲೆ ಮಗಳು ಅವನನ್ನು ಕರೆಯುತ್ತಿದ್ದಳು. ಅವನು ಹೋಗಿ ಪಕ್ಕದಲ್ಲಿ ಕೂತ. ಮೌಸಿನ ಮೇಲೆ ಕೈಯಿಟ್ಟ ತಕ್ಷಣ ಬೆರಳುಗಳು ತಾವೇ ತಮ್ಮ ಜಾಗ ಹಿಡಿದವು. ಗೊಂಬೆ ನೆಗೆಯಿತು, ಒಂದು ಚೂರು ಬಿತ್ತು, ರೆಕ್ಕೆ ಸರಿಯಾದ ಗಳಿಗೆಗೆ ಬಿಚ್ಚಿಕೊಂಡಿತು, ಮೂಗು ತಗ್ಗಿತು, ಎದ್ದಿತು. ಹೊಳೆ ಕೆಳಗೆ ಜಾರತೊಡಗಿತು. "ಅರೆ" ಅಂದಳು ತನ್ಮಯಿ. ಆ ಒಂದು ಮಾತಿಗಾಗಿ ಅವನು ಮೂರು ವಾರ ಪರದೆ ಎಳೆದುಕೊಂಡು ಕೂತಿದ್ದ. ಅವಳು ತೆರೆಯಿಂದ ಕಣ್ಣು ತೆಗೆದು ಅವನ ಮುಖ ನೋಡಲು ತಿರುಗುತ್ತಿದ್ದಳು. ಅವನು ಬೆರಳು ತೆಗೆದುಬಿಟ್ಟ. ರೆಕ್ಕೆ ಮಡಿಸಿಕೊಂಡಿತು, ಗೊಂಬೆ ಕಲ್ಲಿನ ಮೇಲೆ ಬಿತ್ತು.

"ಪರವಾಗಿಲ್ಲ ಅಪ್ಪ, ಪಾಪ, ಹತ್ತಿರ ಬಂದಿದ್ದೆ" ಎಂದು ಅವಳು ನಕ್ಕಳು. ನಕ್ಕು, ಅವನ ಕೈಮೇಲೆ ತನ್ನ ಕೈಯಿಟ್ಟು, ಯಾವಾಗ ಒತ್ತಬೇಕೆಂದು ಮೆಲ್ಲಗೆ ಹೇಳಿಕೊಟ್ಟಳು. ಎರಡನೇ ಸಲ ಅವನು ತಡವಾಗಿ ಒತ್ತಿದ. ಮೂರನೇ ಸಲ ಬೇಗ ಒತ್ತಿದ. ಒಂದೇ ತಪ್ಪು ಮತ್ತೆ ಮತ್ತೆ ಮಾಡಿದರೆ ಅನುಮಾನ ಬರುತ್ತದೆ, ಬೇರೆ ಬೇರೆ ತಪ್ಪು ಮಾಡಬೇಕು, ನಡುವೆ ಒಂದಿಷ್ಟು ಸುಧಾರಿಸಿದ ಹಾಗೂ ಕಾಣಬೇಕು. ಇಪ್ಪತ್ತೇಳು ವರ್ಷ ಮಕ್ಕಳ ತಪ್ಪು ತಿದ್ದಿದವನಿಗೆ ಅದೇನೂ ಕಷ್ಟವಾಗಲಿಲ್ಲ. ಪ್ರತಿ ಸಲ ಗೊಂಬೆ ಬಿದ್ದಾಗಲೂ ಮಗಳು ಅವನ ಹೆಗಲಿಗೆ ತಲೆ ತಾಗಿಸಿ ನಗುತ್ತಿದ್ದಳು.

"ನಾಳೇನೂ ಕೂತ್ಕೋತೀಯಾ ಅಪ್ಪ?"

"ಕೂತ್ಕೋತೀನಿ" ಅಂದ. ಗೊಂಬೆಯನ್ನು ಮತ್ತೆ ಗೋಪುರ ಹತ್ತಿಸಿ ಅಂಚಿಗೆ ತಂದು ನಿಲ್ಲಿಸಿದ. ಈ ಸಲ ಯಾವ ತಪ್ಪು ಮಾಡುವುದೆಂದು ಯೋಚಿಸಿದ.